ಮನೆಯ ಬೆಲೆ ಬೇರೆ, ಕೈಯಿಂದ ಹೋಗುವ ಹಣ ಬೇರೆ

ನಮ್ಮ ಸ್ವಸಹಾಯ ಸಂಘವೊಂದರ ಸದಸ್ಯೆ, "ಇಪ್ಪತ್ತು ಲಕ್ಷದ ಮನೆ ಸಿಸ್ಟರ್, ಬ್ಯಾಂಕಿನವರು ಲೋನ್ ಕೊಡ್ತಾರಂತೆ" ಎಂದು ಖುಷಿಯಿಂದ ಹೇಳಿ ಹೋದರು. ನೋಂದಣಿಗೆ ಒಂದು ವಾರ ಇರುವಾಗ ಅಳುತ್ತಾ ಬಂದರು. ಅಡ್ವಾನ್ಸ್ ಆಗಲೇ ಕೊಟ್ಟಾಗಿತ್ತು. ರಿಜಿಸ್ಟ್ರೇಷನ್ ಖರ್ಚು ಯಾರೂ ಹೇಳಿರಲಿಲ್ಲ, ಅವರೂ ಕೇಳಿರಲಿಲ್ಲ. ಕೊನೆಗೆ ವಾರದ ಬಡ್ಡಿಗೆ ಸಾಲ ತಂದರು. ಈಗ ಎರಡು ಸಾಲದ ಕಂತು ಕಟ್ಟುತ್ತಿದ್ದಾರೆ.

ಆದ್ದರಿಂದ ಲೆಕ್ಕವನ್ನು ಬಿಡಿಸಿ ಹೇಳುತ್ತೇವೆ. ನಗರಸಭೆ ವ್ಯಾಪ್ತಿಯಲ್ಲಿ 20 ಲಕ್ಷದ ಹಳೆಯ ಮನೆ ಅಂತಿಟ್ಟುಕೊಳ್ಳಿ. ಮುದ್ರಾಂಕ ಶುಲ್ಕ ಶೇ. 5, ಅಂದರೆ 1,00,000 ರೂ. ಆ ಶುಲ್ಕದ ಮೇಲೆ ಶೇ. 10 ಸೆಸ್, 10,000. ಶೇ. 2 ಸರ್‌ಚಾರ್ಜ್, 2,000. ನೋಂದಣಿ ಶುಲ್ಕ ಮೊದಲು ಶೇ. 1 ಇತ್ತು, 2025ರ ಆಗಸ್ಟ್ 31ರಿಂದ ಶೇ. 2 ಆಗಿದೆ, ಅದು 40,000. ಒಟ್ಟು 1,52,000 ರೂಪಾಯಿ. 30 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಹೆಚ್ಚೆಂದರೆ ಬೆಲೆಯ ಶೇ. 90 ಕೊಡಬಹುದು. ಈ ಶುಲ್ಕಗಳನ್ನು ಬೆಲೆಗೆ ಸೇರಿಸುವುದಿಲ್ಲ (10 ಲಕ್ಷ ಮೀರದ ಮನೆಯಾದರೆ ಸೇರಿಸಬಹುದು). ಹಾಗಾಗಿ ಉಳಿದ 2 ಲಕ್ಷವೂ ನಿಮ್ಮದೇ. ಕೈಯಲ್ಲಿ ಮೂರೂವರೆ ಲಕ್ಷ ಇಲ್ಲದೆ ಈ ಮನೆಗೆ ಕೈ ಹಾಕಬಾರದು. ವಕೀಲರ ಫೀಸು, ಬ್ಯಾಂಕಿನ ಪ್ರೊಸೆಸಿಂಗ್ ಶುಲ್ಕ ಇದರ ಮೇಲೆ.

"ಪತ್ರದಲ್ಲಿ ಬೆಲೆ ಕಡಿಮೆ ಬರೆಸೋಣ" ಅಂತ ಬ್ರೋಕರ್ ಹೇಳಬಹುದು. ಸರ್ಕಾರದ ಮಾರ್ಗಸೂಚಿ ಬೆಲೆ, ಪತ್ರದ ಬೆಲೆ, ಇವೆರಡರಲ್ಲಿ ಹೆಚ್ಚಿರುವುದರ ಮೇಲೆಯೇ ಶುಲ್ಕ ಬೀಳುತ್ತದೆ. ಬೆಲೆ ಮುಚ್ಚಿಡುವುದು ಅಪರಾಧ ಕೂಡ. ಹೆಂಗಸರ ಹೆಸರಿಗೆ ಮಾಡಿದರೆ ಮುದ್ರಾಂಕ ಕಡಿಮೆ ಎಂಬ ಮಾತೂ ಇದೆ. ಕೆಲವು ರಾಜ್ಯಗಳಲ್ಲಿ ಹಾಗುಂಟು, ಕರ್ನಾಟಕದಲ್ಲಿಲ್ಲ. ಬಿಲ್ಡರ್‌ನಿಂದ ಮೊದಲ ಸಲ ಕೊಳ್ಳುವ ಫ್ಲ್ಯಾಟಿಗೆ ಮಾತ್ರ ರಿಯಾಯಿತಿ ಇದೆ: 20 ಲಕ್ಷದವರೆಗೆ ಶೇ. 2, ಅದರಾಚೆ 45 ಲಕ್ಷದವರೆಗೆ ಶೇ. 3. ಆದರೆ ಕಟ್ಟಡ ಮುಗಿಯುವ ಮೊದಲೇ ಕೊಂಡರೆ ಜಿಎಸ್‌ಟಿ ಬರುತ್ತದೆ, ನೆನಪಿರಲಿ.

ಆದರೂ ಹೆಂಡತಿಯ ಹೆಸರು ಪತ್ರದಲ್ಲಿ ಇರಲೇಬೇಕೆಂದು ನಾವು ಒತ್ತಾಯ ಮಾಡುತ್ತೇವೆ. ಗಂಡ ತೀರಿಹೋದ ಮೇಲೆ ಮನೆಯಿಂದ ಹೊರಬಿದ್ದ ಎಷ್ಟೋ ತಾಯಂದಿರನ್ನು ನಾವು ಕಂಡಿದ್ದೇವೆ. 2024ರ ಸೆಪ್ಟೆಂಬರಿನಲ್ಲಿ ಶುರುವಾದ ಪ್ರಧಾನಮಂತ್ರಿ ಆವಾಸ್ ಯೋಜನೆ ನಗರ 2.0 ಕೂಡ ಇದಕ್ಕೇ ಆದ್ಯತೆ ಕೊಡುತ್ತದೆ. ವರ್ಷಕ್ಕೆ 9 ಲಕ್ಷದೊಳಗೆ ಆದಾಯವಿದ್ದು, ದೇಶದಲ್ಲಿ ಎಲ್ಲೂ ಪಕ್ಕಾ ಮನೆ ಇಲ್ಲದ ಕುಟುಂಬಕ್ಕೆ, 35 ಲಕ್ಷದೊಳಗಿನ ಮನೆಗೆ ಪಡೆದ 25 ಲಕ್ಷದವರೆಗಿನ ಸಾಲದ ಬಡ್ಡಿಗೆ 1.80 ಲಕ್ಷದವರೆಗೆ ನೆರವು ಸಿಗುತ್ತದೆ. ಆದರೆ ಇದು ಐದು ವಾರ್ಷಿಕ ಕಂತುಗಳಲ್ಲಿ ಸಾಲದ ಖಾತೆಗೆ ಬೀಳುವ ಹಣ. ರಿಜಿಸ್ಟ್ರೇಷನ್ ದಿನ ಕೈಗೆ ಬರುವುದಲ್ಲ. ಸ್ವಂತ ಜಾಗ ಇದ್ದು ಹಳ್ಳಿಯಲ್ಲಿ ಕಟ್ಟುವವರು ಗ್ರಾಮ ಪಂಚಾಯಿತಿಯಲ್ಲಿ ವಸತಿ ಯೋಜನೆಗಳ ಬಗ್ಗೆ ಕೇಳಿ, ಗ್ರಾಮಸಭೆ ತಪ್ಪಿಸಬೇಡಿ.

ಅಡ್ವಾನ್ಸ್ ಕೊಡುವ ಮುಂಚೆ ಇ-ಖಾತಾ, ಇಸಿ, ಹಿಂದಿನ ಕ್ರಯಪತ್ರ, ಕಂದಾಯ ರಸೀದಿ ತರಿಸಿಕೊಂಡು ಯಾರಾದರೂ ವಕೀಲರಿಗೆ ತೋರಿಸಿ. ಬರೀ ಬಾಂಡ್ ಪೇಪರಿನ ಕರಾರು, ಜಿಪಿಎ ಇಟ್ಟುಕೊಂಡರೆ ಮನೆ ನಿಮ್ಮದಾಗುವುದಿಲ್ಲ. ನೋಂದಣಿ ಆದ ಮೇಲೆ ಖಾತೆ ನಿಮ್ಮ ಹೆಸರಿಗೆ ಬದಲಾಗಿದೆಯೇ ಅಂತ ವಿಚಾರಿಸಿಕೊಳ್ಳಿ.