ಮೋಟಾರು ಓಡುತ್ತದೆ, ನೀರು ಏರುವುದಿಲ್ಲ!

ಸೋದರಿಯರೇ, ಅಕ್ಕಿ ತೊಳೆಯಲು ನಲ್ಲಿ ತಿರುಗಿಸಿದರೆ ಬುಸ್ಸೆಂದು ಬರೀ ಗಾಳಿ. ಮೋಟಾರಿನ ಸ್ವಿಚ್ ಹಾಕಿದರೆ ಅದು ಎಂದಿನಂತೆ ಓಡುತ್ತದೆ. ಸಂಪಿನಲ್ಲಿ ನೀರೂ ಇದೆ. ಆದರೆ ಮಹಡಿಯ ಟ್ಯಾಂಕಿಗೆ ಒಂದು ಹನಿ ಬೀಳುವುದಿಲ್ಲ. “ಮೋಟಾರು ಸುಟ್ಟಿತು” ಅಂತ ಗಾಬರಿಯಾಗಬೇಡಿ. ಎಷ್ಟೋ ಸಲ ಕೆಟ್ಟಿರುವುದು ಮೋಟಾರಲ್ಲ, ಪಂಪಿನೊಳಗೆ ಗಾಳಿ ಸೇರಿರುತ್ತದೆ, ಅಷ್ಟೇ.

ನಮ್ಮ ಸಾಸಲು, ದೊಡ್ಡಬಳ್ಳಾಪುರದ ಕಡೆ ವರ್ಷವಿಡೀ ಹರಿಯುವ ಹೊಳೆಯಿಲ್ಲ. ಆಳದ ಬೋರ್‌ವೆಲ್ ನೀರೇ ಗತಿ. 2019ರಲ್ಲಿ ಆರಂಭವಾದ ಜಲಜೀವನ್ ಮಿಷನ್, ಅಂದರೆ ನಮ್ಮ ರಾಜ್ಯದ ‘ಮನೆ ಮನೆಗೆ ಗಂಗೆ’ಯಿಂದ ಹಳ್ಳಿಯ ಮನೆಗಳಿಗೂ ನಲ್ಲಿ ಬಂದಿದೆ. ಆದರೂ ನೀರುಗಂಟಿ ಬಿಟ್ಟಾಗ ಹಿಡಿದು ಸಂಪಿನಲ್ಲಿ ತುಂಬಿಟ್ಟುಕೊಳ್ಳಬೇಕು. ಆ ನೀರು ಮೇಲಕ್ಕೇರದಿದ್ದರೆ ಬಿಂದಿಗೆ ಹೊರುವವರು ನಾವೇ ತಾನೆ?

ಗಾಳಿಗೂ ಪಂಪಿಗೂ ಏನು ಜಗಳ?

ಎಳನೀರಿಗೆ ಹಾಕಿದ ಕೊಳವೆ ಸೀಳಿದ್ದರೆ ಎಷ್ಟು ಹೀರಿದರೂ ಬಾಯಿಗೆ ಗಾಳಿಯೇ ಬರುತ್ತದೆ, ಅಲ್ಲವೇ? ಪಂಪಿನ ಕಥೆಯೂ ಹಾಗೇ. ಒಳಗಿನ ಚಕ್ರದ ಸುತ್ತ ನೀರು ತುಂಬಿದ್ದರೆ ಮಾತ್ರ ಅದು ಕೆಳಗಿನ ನೀರನ್ನು ಮೇಲಕ್ಕೆ ಕರೆಯುತ್ತದೆ. ಗಾಳಿ ತುಂಬಿದ್ದರೆ, ಮೊಸರಿಲ್ಲದ ಗಡಿಗೆಯಲ್ಲಿ ಕಡಗೋಲು ತಿರುಗಿಸಿದ ಹಾಗೆ. ಬೋರ್‌ವೆಲ್‌ನ ಸಬ್‌ಮರ್ಸಿಬಲ್ ಪಂಪು ನೀರಿನಲ್ಲೇ ಮುಳುಗಿರುವುದರಿಂದ ಅದಕ್ಕೆ ಸಾಮಾನ್ಯವಾಗಿ ಈ ತೊಂದರೆಯಿಲ್ಲ.

ಗಾಳಿ ತೆಗೆಯುವ ಕ್ರಮ

1. ಮೊದಲು ಸ್ವಿಚ್ ಮಾತ್ರವಲ್ಲ, ಮೇನ್ ಕೂಡ ಆರಿಸಿ. ಕೈ ಒಣಗಿರಲಿ, ಕಾಲಿಗೆ ಚಪ್ಪಲಿ ಇರಲಿ. ಪಂಪು ಬಿಸಿಯಾಗಿದ್ದರೆ ಪೂರ್ತಿ ಆರುವವರೆಗೆ ಮುಚ್ಚಳ ತೆಗೆಯಬೇಡಿ, ಆವಿ ಮುಖಕ್ಕೆ ಹೊಡೆದೀತು.

2. ಪಂಪಿನ ಮೇಲಿರುವ, ನೀರು ತುಂಬುವ ಮುಚ್ಚಳ ಬಿಚ್ಚಿ. ಸೋಸಿದ ನೀರನ್ನು ಚೊಂಬಿನಿಂದ ಸಣ್ಣ ಧಾರೆಯಾಗಿ ಹೊಯ್ಯಿರಿ. ಗುಳುಗುಳು ಎಂದು ಗುಳ್ಳೆ ಬರುತ್ತದೆ. ನಿಲ್ಲಿಸಿ, ಮತ್ತೆ ಹೊಯ್ಯಿರಿ. ಅವಸರ ಬೇಡ.

3. ಗುಳ್ಳೆ ನಿಂತು ನೀರು ಬಾಯಿಮಟ್ಟಕ್ಕೆ ಬಂದ ಮೇಲೆ ಐದು ನಿಮಿಷ ಕಾದು ನೋಡಿ. ಮಟ್ಟ ಇಳಿಯದಿದ್ದರೆ ವಾಷರ್ ಸರಿಯಾಗಿ ಕೂರಿಸಿ ಮುಚ್ಚಳ ಬಿಗಿ ಮಾಡಿ.

4. ಈಗ ಮೋಟಾರು ಹಾಕಿ. ಒಂದೆರಡು ನಿಮಿಷದಲ್ಲಿ ನೀರು ಬರದಿದ್ದರೆ ಕೂಡಲೇ ಆರಿಸಿ. ಒಳಗಿನ ಸೀಲನ್ನು ತಂಪಾಗಿಡುವುದೇ ನೀರು. ಒಣ ಓಡಿಸಿದರೆ ಸೀಲು ಸುಟ್ಟು, ನೂರು ರೂಪಾಯಿಯ ಕೆಲಸ ಸಾವಿರಕ್ಕೆ ಮುಟ್ಟುತ್ತದೆ.

ಗಾಳಿ ಬಂದದ್ದೆಲ್ಲಿಂದ?

ದಿನಾ ಬೆಳಿಗ್ಗೆ ಚೊಂಬು ಹಿಡಿಯುವುದು ಮದ್ದಲ್ಲ. ಗಾಳಿ ನುಗ್ಗುವ ದಾರಿ ಹುಡುಕಬೇಕು.

ಹೊಯ್ದ ನೀರು ಇಳಿದುಹೋಗುತ್ತಿದ್ದರೆ ಅನುಮಾನ ಫುಟ್‌ವಾಲ್ವ್ ಮೇಲೆ. ಸಂಪಿನಲ್ಲಿ ಪೈಪಿನ ತುದಿಗಿರುವ ಇದು ಒಂದೇ ಕಡೆಗೆ ತೆರೆಯುವ ಬಾಗಿಲು. ಗಡಸು ನೀರಿನ ಸುಣ್ಣವೋ, ಮರಳೋ, ನಾರೋ ಸಿಕ್ಕಿಕೊಂಡರೆ ಪೂರ್ತಿ ಮುಚ್ಚುವುದಿಲ್ಲ. ಹಿತ್ತಾಳೆಯದಾದರೆ ಹುಣಸೆಹಣ್ಣಿನ ನೀರಿನಲ್ಲಿ ನೆನೆಸಿ ಬ್ರಷ್‌ನಿಂದ ಉಜ್ಜಿ. ರಬ್ಬರ್ ಸವೆದಿದ್ದರೆ ಬದಲಾಯಿಸಿ.

ಹೊಯ್ದ ನೀರು ನಿಂತರೂ ಪಂಪು ನೀರು ಬಿಡುತ್ತಿದ್ದರೆ, ಸಂಪಿನಿಂದ ಪಂಪಿನವರೆಗಿನ ಜೋಡಣೆಗಳನ್ನು ನೋಡಿ. ಪಂಪು ನೀರೆತ್ತುವಾಗ ಬೇರೊಬ್ಬರು ಸ್ವಿಚ್ ಬಳಿ ಇರಲಿ. ಪೈಪಿನ ಜೋಡಣೆಗೆ ಮಾತ್ರ ಸೋಪಿನ ಗಟ್ಟಿ ನೊರೆ ಬಳಿಯಿರಿ, ವೈರಿನ ಹತ್ತಿರ ಬೇಡ. ನೊರೆ ಒಳಕ್ಕೆ ಹೀರಿಕೊಂಡ ಕಡೆಯೇ ತೂತು. ಅಲ್ಲಿ ಟೆಫ್ಲಾನ್ ಟೇಪ್ ಸುತ್ತಿ ಬಿಗಿ ಮಾಡಿಸಿ.

ಸಂಪಿನ ನೀರು ತಳ ಕಂಡರೂ ಫುಟ್‌ವಾಲ್ವ್ ಗಾಳಿ ಎಳೆಯುತ್ತದೆ. ಅದರ ಮೇಲೆ ಒಂದಡಿಯಾದರೂ ನೀರಿರಲಿ. ಇನ್ನು ಆಳದ ಮಾತು. ಸಮುದ್ರಮಟ್ಟದಲ್ಲೇ ಗಾಳಿಯ ಒತ್ತಡ ನೀರನ್ನು ಹೆಚ್ಚೆಂದರೆ 10.3 ಮೀಟರ್ ಏರಿಸಬಲ್ಲದು. ಬೆಂಗಳೂರು ಸೀಮೆ ಸುಮಾರು 900 ಮೀಟರ್ ಎತ್ತರದಲ್ಲಿರುವುದರಿಂದ ಇನ್ನೂ ಕಡಿಮೆ. ಪಂಪಿನಿಂದ ನೀರಿನ ಮಟ್ಟ 20 ಅಡಿಯೊಳಗಿದ್ದರೆ ಚೆನ್ನ.

ಟ್ಯಾಂಕು ತುಂಬಿದರೂ ನಲ್ಲಿ ಮುನಿದರೆ?

ಟ್ಯಾಂಕು ಒಮ್ಮೆ ಬರಿದಾದ ಮೇಲೆ ಕೆಳಗಿಳಿಯುವ ಪೈಪಿನಲ್ಲೂ ಗಾಳಿ ಸಿಕ್ಕಿಕೊಳ್ಳುತ್ತದೆ. ಎಲ್ಲಕ್ಕಿಂತ ಕೆಳಗಿರುವ ನಲ್ಲಿಯನ್ನು ಪೂರ್ತಿ ತಿರುಗಿಸಿ, ಧಾರೆ ಒಂದೇ ಸಮ ಬರುವವರೆಗೆ ಬಿಡಿ. ಆ ನೀರು ಬಕೆಟ್ಟಿಗೆ ಬೀಳಲಿ, ಪಾತ್ರೆಗಾಯಿತು. ಪದೇ ಪದೇ ಹೀಗಾದರೆ, ಟ್ಯಾಂಕಿನಿಂದ ಹೊರಡುವ ಪೈಪಿಗೆ ಟ್ಯಾಂಕಿಗಿಂತ ಎತ್ತರದ ಗಾಳಿಕೊಳವೆ ಹಾಕಿಸಿ.

ಇಷ್ಟು ಮಾತ್ರ ಮಾಡಬೇಡಿ

ಫುಟ್‌ವಾಲ್ವ್ ನೋಡಲೆಂದು ನೀವಾಗಲಿ ಮಕ್ಕಳಾಗಲಿ ಸಂಪಿಗೆ ಇಳಿಯಬೇಡಿ. ಬಹುದಿನ ಮುಚ್ಚಿದ ಸಂಪಿನಲ್ಲಿ ಉಸಿರಾಡಲು ಗಾಳಿ ಸಾಲದೆ ಜೀವ ಹೋಗಬಹುದು. ಪೈಪನ್ನೇ ಬಿಚ್ಚಿ ಮೇಲಕ್ಕೆತ್ತಿಸಿ. ಪಂಪು ಮುಟ್ಟಿದಾಗ ಜುಮ್ಮೆಂದರೆ ಗಾಳಿಯ ಮಾತು ಅಲ್ಲಿಗೇ ಬಿಟ್ಟು ಮೇನ್ ಆರಿಸಿ, ಎಲೆಕ್ಟ್ರಿಷಿಯನ್‌ನನ್ನು ಕರೆಸಿ. ನೀರು ಒಂದು ಹೊತ್ತು ತಡವಾದರೆ ಅಡಿಗೆ ತಡವಾದೀತು, ಅಷ್ಟೇ.