ಗೇಮ್ ಡಿಲೀಟ್ ಮಾಡಿದರೆ ಆಡಿದ್ದೆಲ್ಲ ಹೋಗುತ್ತದೆಯೇ?

ಕೈಯಲ್ಲಿ ಹಿಡಿದು ಆಡುವ ಗೇಮ್ ಯಂತ್ರದಲ್ಲಿ ಜಾಗ ತುಂಬಿ ಹೊಸ ಗೇಮ್ ಇಳಿಯುವುದಿಲ್ಲ ಎಂದಾಗ ಮನೆಗಳಲ್ಲಿ ಕೇಳಿಬರುವ ಮಾತು ಹೆಚ್ಚುಕಡಿಮೆ ಒಂದೇ: ಹಳೆಯದನ್ನು ಮುಟ್ಟಬೇಡ, ಡಿಲೀಟ್ ಮಾಡಿದರೆ ಇಷ್ಟು ದಿನ ಆಡಿದ್ದೆಲ್ಲ ಹೋಗುತ್ತದೆ. ಈ ಭಯದಿಂದಾಗಿ ಎಂದೋ ಆಡಿ ಮುಗಿಸಿದ ಗೇಮ್‌ಗಳೂ ಹಾಗೇ ಕೂತಿರುತ್ತವೆ. ಮಕ್ಕಳು ಕೇಳಿದ ಹೊಸದಕ್ಕೆ ಜಾಗವಿರುವುದಿಲ್ಲ. ಕೊನೆಗೆ ಬೇಕಿಲ್ಲದ ಮೆಮೊರಿ ಕಾರ್ಡಿಗೋ ಹೊಸ ಯಂತ್ರಕ್ಕೋ ದುಡ್ಡು ಹೋಗುತ್ತದೆ. ಈ ಬಗೆಯ ಯಂತ್ರಗಳಲ್ಲಿ ಹೆಚ್ಚು ಜನ ಬಲ್ಲ ನಿಂಟೆಂಡೊ ಸ್ವಿಚ್‌ನ ಮಟ್ಟಿಗೆ ಈ ನಂಬಿಕೆ ತಪ್ಪು. ಹಾಗೆಂದು ಅದು ಬುಡವಿಲ್ಲದ ನಂಬಿಕೆಯೂ ಅಲ್ಲ. ಮೊಬೈಲ್ ಕಲಿಸಿದ ಪಾಠವೊಂದನ್ನು, ಮೊಬೈಲ್‌ನಲ್ಲಿ ಸರಿಯಾಗಿಯೇ ಇರುವ ಪಾಠವೊಂದನ್ನು, ನಾವು ಬೇರೆ ರೀತಿ ಕೆಲಸ ಮಾಡುವ ಯಂತ್ರಕ್ಕೂ ಹೊಂದಿಸಿಬಿಟ್ಟಿದ್ದೇವೆ.

ಬೆಂಗಳೂರು ಗ್ರಾಮಾಂತರ ಜಿಲ್ಲೆಯಲ್ಲಿ ಹೀಗಾಗುವುದಕ್ಕೆ ಕಾರಣವಿದೆ. ದೊಡ್ಡಬಳ್ಳಾಪುರವಿರಲಿ, ನೆಲಮಂಗಲವಿರಲಿ, ಇಲ್ಲಿನ ಬಹುಪಾಲು ಮಕ್ಕಳು ಮೊದಲು ಗೇಮ್ ಆಡುವುದು ಅಪ್ಪ ಅಮ್ಮನ ಫೋನಿನಲ್ಲಿ. ಸ್ವಿಚ್ 2017ರ ಮಾರ್ಚ್ 3ರಂದು ಹೊರದೇಶಗಳಲ್ಲಿ ಬಿಡುಗಡೆಯಾಯಿತು. ಭಾರತದಲ್ಲಿ ಅದು ಅಧಿಕೃತವಾಗಿ ಮಾರಾಟಕ್ಕೆ ಬರಲಿಲ್ಲ. ಇಲ್ಲಿಗೆ ಅದು ಬರುವುದು ದೇವನಹಳ್ಳಿಯ ಕೆಂಪೇಗೌಡ ವಿಮಾನ ನಿಲ್ದಾಣದಲ್ಲಿ ಇಳಿಯುವ ನೆಂಟರ ಬ್ಯಾಗಿನಲ್ಲಿ, ಆಮದು ಮಾಡಿ ಮಾರುವ ಅಂಗಡಿಗಳಿಂದ, ಇಲ್ಲವೇ ಸೆಕೆಂಡ್‌ಹ್ಯಾಂಡ್ ಆಗಿ. ಅದರ ಮೆನುವಿನಲ್ಲಿ ಕನ್ನಡವಿಲ್ಲ. ಹಾಗಾಗಿ ಯಂತ್ರದ ಬಗ್ಗೆ ಅನುಮಾನ ಬಂದರೆ ಜನ ಕೇಳುವುದು ಫೋನ್ ಬಲ್ಲವರನ್ನು, ಸಿಗುವುದು ಫೋನಿಗೆ ಸರಿಹೊಂದುವ ಉತ್ತರ.

ಆಂಡ್ರಾಯ್ಡ್ ಫೋನಿನಲ್ಲಿ ಆ್ಯಪ್ ಒಂದನ್ನು ಅನ್‌ಇನ್‌ಸ್ಟಾಲ್ ಮಾಡಿದರೆ ಅದು ತನಗಾಗಿ ಇಟ್ಟುಕೊಂಡಿದ್ದ ಖಾಸಗಿ ಫೈಲುಗಳೂ ಸಾಮಾನ್ಯವಾಗಿ ಅದರ ಜೊತೆಗೇ ಹೋಗುತ್ತವೆ. ಐಫೋನಿನಲ್ಲೂ ‘ಡಿಲೀಟ್ ಆ್ಯಪ್’ ಒತ್ತಿದರೆ ಅದೇ ಕತೆ. ದಾಟಿದ ಲೆವೆಲ್‌ಗಳ ಲೆಕ್ಕ ಫೋನಿನಲ್ಲೇ ಇದ್ದರೆ ಅದು ಅಳಿಯುತ್ತದೆ. ಕಂಪನಿಯ ಸರ್ವರ್‌ನಲ್ಲಿದ್ದರೆ ಉಳಿಯುತ್ತದೆ. ಬಿಜಿಎಂಐನಂಥ ಗೇಮ್‌ಗೆ ಖಾತೆಯ ಮೂಲಕ ಲಾಗಿನ್ ಆಗಿದ್ದವರು ಅದನ್ನು ತೆಗೆದು ಮತ್ತೆ ಹಾಕಿದರೂ ಎಲ್ಲವೂ ಇದ್ದಲ್ಲೇ ಇರುತ್ತದೆ. ಯಾವ ಖಾತೆಯೂ ಇಲ್ಲದೆ ‘ಗೆಸ್ಟ್’ ಆಗಿ ಆಡುವ ಗೇಮ್‌ಗಳಲ್ಲಿ ಮಾತ್ರ ಡಿಲೀಟ್ ಮಾಡಿದ ಮೇಲೆ ಹಿಂದಿನದು ವಾಪಸ್ ಸಿಗುವ ಭರವಸೆ ಇಲ್ಲ. ಇಂಥದ್ದೊಂದು ನಷ್ಟ ಕಂಡ ಮಗುವಿಗೆ ಡಿಲೀಟ್ ಎಂದರೆ ಭಯವಾಗುವುದು ಸಹಜವೇ.

ಸ್ವಿಚ್‌ನಲ್ಲಿ ವ್ಯವಸ್ಥೆಯೇ ಬೇರೆ. ನಾವು ಒಂದೇ ಎಂದುಕೊಳ್ಳುವ ‘ಗೇಮ್’ನಲ್ಲಿ ಅಲ್ಲಿ ಮೂರು ಸಂಗತಿಗಳಿವೆ. ಮೊದಲನೆಯದು ಚಿತ್ರ, ಸಂಗೀತ, ಲೆಕ್ಕಾಚಾರ ಎಲ್ಲ ತುಂಬಿದ ಸಾಫ್ಟ್‌ವೇರ್. ಹಲವು ಜಿಬಿ ಜಾಗ ತಿನ್ನುವುದು ಇದೇ. ಎರಡನೆಯದು ಸೇವ್, ಅಂದರೆ ನೀವು ಎಲ್ಲಿಯವರೆಗೆ ಬಂದಿರಿ, ಏನೇನು ಗಳಿಸಿದಿರಿ ಎಂಬ ದಾಖಲೆ. ಸಾಫ್ಟ್‌ವೇರ್‌ನ ಮುಂದೆ ಇದು ತೀರಾ ಚಿಕ್ಕದು. ಮೂರನೆಯದು ನೀವು ಆ ಗೇಮ್ ಕೊಂಡಿದ್ದೀರಿ ಎಂಬ ಹಕ್ಕು. ಇದು ಯಂತ್ರದಲ್ಲಲ್ಲ, ನಿಂಟೆಂಡೊ ಖಾತೆಯಲ್ಲಿ ನಮೂದಾಗಿರುತ್ತದೆ. ಸಾಫ್ಟ್‌ವೇರ್ ಡಿಲೀಟ್ ಮಾಡಿದಾಗ ಹೋಗುವುದು ಮೊದಲನೆಯದು ಮಾತ್ರ. ಸೇವ್ ಯಂತ್ರದ ಒಳಮೆಮೊರಿಯಲ್ಲಿ ಪ್ರತ್ಯೇಕವಾಗಿ ಉಳಿಯುತ್ತದೆ. ಅದನ್ನು ಅಳಿಸಬೇಕೆಂದರೆ ಸೆಟ್ಟಿಂಗ್ಸ್‌ನ ಡೇಟಾ ಮ್ಯಾನೇಜ್‌ಮೆಂಟ್‌ಗೆ ಹೋಗಿ, ಸೇವ್ ಡೇಟಾ ಅಳಿಸುವ ಬೇರೆಯದೇ ಆಯ್ಕೆಯನ್ನು ಹುಡುಕಿ ಒತ್ತಬೇಕು. ಕೈತಪ್ಪಿ ಆಗುವ ಕೆಲಸವಲ್ಲ ಅದು. ಗೇಮ್ ಮತ್ತೆ ಇಳಿಸಿಕೊಂಡರೆ ಬಿಟ್ಟಲ್ಲಿಂದಲೇ ಶುರುವಾಗುತ್ತದೆ.

ಡಿಲೀಟ್ ಪಕ್ಕದಲ್ಲೇ ಇರುವ ‘ಆರ್ಕೈವ್’ ಎಂಬ ಆಯ್ಕೆಯ ಬಗ್ಗೆಯೂ ಗೊಂದಲವಿದೆ. ಅದು ಗೇಮನ್ನು ಕುಗ್ಗಿಸಿ ಇಡುತ್ತದೆ, ಹಾಗಾಗಿ ಅರ್ಧ ಜಾಗವಷ್ಟೇ ಉಳಿಯುತ್ತದೆ ಎಂದುಕೊಳ್ಳುವವರಿದ್ದಾರೆ. ಆರ್ಕೈವ್ ಕೂಡ ಸಾಫ್ಟ್‌ವೇರನ್ನು ತೆಗೆದೇ ಹಾಕುತ್ತದೆ. ಹೋಮ್ ಪರದೆಯ ಮೇಲೆ ಅದರ ಚಿತ್ರ ಉಳಿದಿರುತ್ತದೆ, ಅದನ್ನು ಒತ್ತಿದರೆ ಮತ್ತೆ ಡೌನ್‌ಲೋಡ್ ಶುರುವಾಗುತ್ತದೆ, ವ್ಯತ್ಯಾಸ ಅಷ್ಟೇ. ಫೋನುಗಳಿಗೂ ಈಗ ಇಂಥ ಸೌಲಭ್ಯವಿದೆ. 2017ರ ಐಒಎಸ್ 11ರಿಂದ ಐಫೋನಿನಲ್ಲಿ ‘ಆಫ್‌ಲೋಡ್’ ಇದೆ. 2024ರ ಆಂಡ್ರಾಯ್ಡ್ 15ರ ಸೆಟ್ಟಿಂಗ್ಸ್‌ನಲ್ಲೇ ಆರ್ಕೈವ್ ಸಿಗುತ್ತದೆ. ಎರಡರಲ್ಲೂ ಆ್ಯಪ್ ಹೋಗುತ್ತದೆ, ಅದರ ದಾಖಲೆ ಉಳಿಯುತ್ತದೆ. ದೇವನಹಳ್ಳಿ ಬಳಿಯ ಫಾಕ್ಸ್‌ಕಾನ್ ಕಾರ್ಖಾನೆಯಿಂದಾಗಿ ಐಫೋನ್ ಈಗ ಈ ಜಿಲ್ಲೆಯ ಉತ್ಪನ್ನವೂ ಹೌದು. ಆದರೆ ಅದರೊಳಗಿನ ಈ ಉಪಯುಕ್ತ ಆಯ್ಕೆ ಬಳಸುವವರಲ್ಲಿ ಅನೇಕರ ಕಣ್ಣಿಗೆ ಬಿದ್ದೇ ಇಲ್ಲ.

ಎಲ್ಲ ಯಂತ್ರಗಳೂ ಸ್ವಿಚ್‌ನಂತೆಯೇ ಎಂದು ನಂಬುವುದು ಡಿಲೀಟ್‌ಗೆ ಹೆದರುವುದಕ್ಕಿಂತ ದೊಡ್ಡ ತಪ್ಪಾದೀತು. ಸೋನಿಯ ಹಳೆಯ ಪಿಎಸ್‌ಪಿಯಲ್ಲಿ ಸೇವ್‌ಗಳಿಗೆ ಮೆಮೊರಿ ಸ್ಟಿಕ್‌ನಲ್ಲಿ ಬೇರೆಯೇ ಫೋಲ್ಡರ್ ಇತ್ತು. ಗೇಮ್ ತೆಗೆದರೂ ಅವು ಉಳಿಯುತ್ತಿದ್ದವು. ಅದೇ ಕಂಪನಿ 2011ರ ಡಿಸೆಂಬರ್‌ನಲ್ಲಿ ಜಪಾನಿನಲ್ಲಿ ಬಿಡುಗಡೆ ಮಾಡಿದ ವೀಟಾದಲ್ಲಿ ಗೇಮ್ ಅಳಿಸಿದರೆ ಅದರ ಸೇವ್ ಕೂಡ ಅಳಿಯುತ್ತದೆ. ಒಂದೇ ಕಂಪನಿಯ ಎರಡು ಯಂತ್ರಗಳು, ಎರಡು ಬೇರೆ ನಿಯಮಗಳು. ಸೆಕೆಂಡ್‌ಹ್ಯಾಂಡ್ ವೀಟಾ ಇಟ್ಟುಕೊಂಡಿರುವವರು ಮೊದಲು ಬ್ಯಾಕಪ್ ತೆಗೆದುಕೊಳ್ಳದೆ ಯಾವುದನ್ನೂ ಅಳಿಸಬಾರದು. ಹಾಗಾಗಿ ಡಿಲೀಟ್ ಒತ್ತುವ ಮುನ್ನ ಕೇಳಿಕೊಳ್ಳಬೇಕಾದದ್ದು ಗೇಮ್ ಎಷ್ಟು ಜಿಬಿ ಎಂದಲ್ಲ, ಈ ಯಂತ್ರದಲ್ಲಿ ಸೇವ್ ಎಲ್ಲಿರುತ್ತದೆ ಎಂದು.

ಗೇಮಿನ ಕಾರ್ಡ್ ಕೊಂಡವರಲ್ಲಿ ಎರಡು ನಂಬಿಕೆಗಳಿವೆ: ಕಾರ್ಡ್ ಇದ್ದರೆ ಯಂತ್ರದಲ್ಲಿ ಜಾಗವೇ ಬೇಕಿಲ್ಲ, ಆಡಿದ್ದೆಲ್ಲ ಕಾರ್ಡಿನಲ್ಲೇ ಇರುತ್ತದೆ. ಗೇಮ್‌ಬಾಯ್, ಡಿಎಸ್ ಕಾಲದಲ್ಲಿ ಎರಡನೆಯದು ಬಹುತೇಕ ನಿಜವಾಗಿತ್ತು. ಸೇವ್ ಮಾಡುವ ಗೇಮ್‌ಗಳ ದಾಖಲೆ ಕಾರ್ಟ್ರಿಜ್‌ನೊಳಗೇ ಇರುತ್ತಿತ್ತು. ಸ್ವಿಚ್‌ನಲ್ಲಿ ಸೇವ್ ಯಂತ್ರದಲ್ಲಿರುತ್ತದೆ. ಕಾರ್ಡನ್ನು ಬೇರೆಯವರಿಗೆ ಮಾರಿದರೂ ನಿಮ್ಮ ಸೇವ್ ನಿಮ್ಮಲ್ಲೇ ಉಳಿಯುತ್ತದೆ, ನಾಳೆ ಅದೇ ಗೇಮ್ ಯಾರಿಂದಲೋ ಎರವಲು ತಂದರೆ ಮುಂದುವರಿಸಬಹುದು. ಜಾಗದ ವಿಷಯಕ್ಕೆ ಬಂದರೆ, ಗೇಮ್ ಕಾರ್ಡಿನಿಂದಲೇ ಓಡುತ್ತದೆ ನಿಜ, ಆದರೆ ಅದರ ಅಪ್‌ಡೇಟ್‌ಗಳೂ ಹೆಚ್ಚುವರಿ ಭಾಗಗಳೂ ಬಂದು ಕೂರುವುದು ಯಂತ್ರದಲ್ಲಿ. ಕೆಲವು ಗೇಮ್‌ಗಳ ಒಂದು ಭಾಗವಷ್ಟೇ ಕಾರ್ಡಿನಲ್ಲಿದ್ದು, ಉಳಿದದ್ದನ್ನು ಇಂಟರ್ನೆಟ್‌ನಿಂದ ಇಳಿಸಿಕೊಳ್ಳಬೇಕಾಗುತ್ತದೆ. 2025ರ ಜೂನ್ 5ರಂದು ಬಂದ ಸ್ವಿಚ್ 2ರಲ್ಲಿ ‘ಗೇಮ್ ಕೀ ಕಾರ್ಡ್’ ಎಂಬುದೂ ಇದೆ. ಅದರಲ್ಲಿ ಬೀಗದ ಕೈಯಷ್ಟೇ ಇರುತ್ತದೆ, ಗೇಮ್ ಪೂರ್ತಿ ಡೌನ್‌ಲೋಡ್ ಆಗಬೇಕು.

ಇಷ್ಟೆಲ್ಲ ಕೇಳಿದ ಮೇಲೂ ಒಂದು ಗಟ್ಟಿ ಆಕ್ಷೇಪ ಉಳಿಯುತ್ತದೆ. ಮತ್ತೆ ಇಳಿಸಿಕೊಳ್ಳಬಹುದು ಎನ್ನುವುದು ಸುಲಭ, ಇಳಿಸುವುದಕ್ಕೆ ಡೇಟಾ ಯಾರು ಕೊಡುತ್ತಾರೆ? ಇದು ನ್ಯಾಯವಾದ ಪ್ರಶ್ನೆ. ‘ಟಿಯರ್ಸ್ ಆಫ್ ದ ಕಿಂಗ್‌ಡಮ್’ ಎಂಬ ಜೆಲ್ಡಾ ಗೇಮ್ ಸುಮಾರು 16 ಜಿಬಿ. ಮನೆಗೆ 50 ಎಂಬಿಪಿಎಸ್‌ನ ಫೈಬರ್ ಸಂಪರ್ಕವಿದ್ದರೆ ಮುಕ್ಕಾಲು ಗಂಟೆಯೊಳಗೆ ಇಳಿಯುತ್ತದೆ. ದಿನಕ್ಕೆ 2 ಜಿಬಿ ಸಿಗುವ ಮೊಬೈಲ್ ಪ್ಯಾಕ್‌ನ ಹಾಟ್‌ಸ್ಪಾಟ್ ನೆಚ್ಚಿಕೊಂಡವರಿಗೆ, ಬೇರೆ ಯಾವುದಕ್ಕೂ ಡೇಟಾ ಬಳಸದಿದ್ದರೂ ಎಂಟು ದಿನ ಹಿಡಿಯುತ್ತದೆ. ಹೊಸಕೋಟೆ ಪಟ್ಟಣದಲ್ಲಿ ಫೈಬರ್ ಇರುವ ಮನೆಗೂ ಅದೇ ತಾಲ್ಲೂಕಿನಲ್ಲಿ ಮೊಬೈಲ್ ಡೇಟಾವನ್ನೇ ನಂಬಿದ ಮನೆಗೂ ಒಂದೇ ಸಲಹೆ ಕೊಡುವುದು ಸರಿಯಲ್ಲ. ಡೇಟಾ ಬಿಗಿ ಇರುವವರು ಆಡಿ ಮುಗಿಸಿದವನ್ನು ಮೊದಲು ತೆಗೆಯಲಿ. ಅರ್ಧಕ್ಕೆ ನಿಂತಿದ್ದರೂ ಬೇಗ ಮತ್ತೆ ಇಳಿಯಬಲ್ಲ ಚಿಕ್ಕವು ಆಮೇಲೆ. ಮನೆಯವರು ಇನ್ನೂ ಆಡುತ್ತಿರುವ ದೊಡ್ಡ ಗೇಮನ್ನು, ಅದೊಂದನ್ನೇ ತೆಗೆದರೆ ಎಷ್ಟೇ ಜಾಗ ಸಿಗುವಂತಿದ್ದರೂ, ಮುಟ್ಟದಿರುವುದೇ ವಿವೇಕ.

ಇಳಿಸಿಕೊಳ್ಳುವ ಹಕ್ಕು ಶಾಶ್ವತವೇ ಎಂಬುದು ಇದರ ಬೆನ್ನಿಗೇ ಬರುವ ಅನುಮಾನ. ನಮ್ಮ ದೇಶದ್ದೇ ಉದಾಹರಣೆ ಕಣ್ಣಮುಂದಿದೆ. 2020ರ ಸೆಪ್ಟೆಂಬರ್ 2ರಂದು ಪಬ್‌ಜಿ ಮೊಬೈಲ್ ನಿಷೇಧವಾಯಿತು. ಅದರ ಜಾಗಕ್ಕೆ 2021ರ ಜುಲೈನಲ್ಲಿ ಬಂದ ಬಿಜಿಎಂಐ 2022ರ ಜುಲೈ 28ರಂದು ಪ್ಲೇ ಸ್ಟೋರ್ ಮತ್ತು ಆ್ಯಪ್ ಸ್ಟೋರ್‌ಗಳಿಂದ ಕಾಣೆಯಾಗಿ, 2023ರ ಮೇ ತಿಂಗಳಲ್ಲಷ್ಟೇ ಮರಳಿತು. ಈ ನಡುವೆ ಜಾಗಕ್ಕಾಗಿ ಅದನ್ನು ಡಿಲೀಟ್ ಮಾಡಿದ್ದವರಿಗೆ ಸ್ಟೋರ್‌ನಲ್ಲಿ ಅದು ಸಿಗಲಿಲ್ಲ. ಫೋನಿನಲ್ಲಿ ಉಳಿಸಿಕೊಂಡಿದ್ದವರು ಆಡುತ್ತಲೇ ಇದ್ದರು. ನಿಂಟೆಂಡೊ ಕೂಡ ತನ್ನ ಹಳೆಯ 3ಡಿಎಸ್ ಯಂತ್ರದ ಅಂಗಡಿಯನ್ನು 2023ರ ಮಾರ್ಚ್ 27ರಂದು ಹೊಸ ಖರೀದಿಗೆ ಮುಚ್ಚಿತು. ಮೊದಲೇ ಕೊಂಡಿದ್ದನ್ನು ಮತ್ತೆ ಇಳಿಸುವುದಕ್ಕೆ ಆಗಲೂ ಅವಕಾಶ ಉಳಿಸಿತ್ತು. ಚಾಲ್ತಿಯಲ್ಲಿರುವ ಯಂತ್ರಕ್ಕೆ ಈ ಭಯ ದೂರದ್ದು. ಹತ್ತಿರದ ಅಪಾಯ ಬೇರೆಯೇ ಇದೆ, ಅದು ನಮ್ಮಂಥ ಊರುಗಳಿಗೇ ವಿಶೇಷವಾಗಿ ತಟ್ಟುವಂಥದ್ದು. ಭಾರತಕ್ಕೆ ನಿಂಟೆಂಡೊದ ಆನ್‌ಲೈನ್ ಅಂಗಡಿಯಾದ ಈಶಾಪ್ ಇಲ್ಲದ್ದರಿಂದ ಖಾತೆ ಬೇರೊಂದು ದೇಶದ ಹೆಸರಿನಲ್ಲಿರುತ್ತದೆ. ಎಷ್ಟೋ ಸಲ ಅದು ಯಂತ್ರ ಕಳಿಸಿದ ಸಂಬಂಧಿಕರದ್ದು, ಇಲ್ಲವೇ ಮಾರಿದವರದ್ದು. ಬೇರೆಯವರ ಖಾತೆಯಲ್ಲಿ ಕೊಂಡ ಗೇಮನ್ನು ನೀವು ಅಳಿಸಿದರೆ, ಅವರ ಪಾಸ್‌ವರ್ಡ್ ಇಲ್ಲದೆ ಅದು ವಾಪಸ್ ಬರದೇ ಹೋಗಬಹುದು. ಖಾತೆ ಯಾರದು, ಅದರ ಇಮೇಲ್ ಯಾವುದು ಎಂದು ತಿಳಿದುಕೊಂಡ ಮೇಲೆಯೇ ಡಿಲೀಟ್‌ಗೆ ಕೈಹಾಕಬೇಕು.

ಒಂದು ಮೆಮೊರಿ ಕಾರ್ಡ್ ಹಾಕಿಬಿಟ್ಟರೆ ತಲೆನೋವೇ ಇಲ್ಲ ಎಂಬ ಪರಿಹಾರವನ್ನೂ ಪರೀಕ್ಷಿಸಬೇಕು. ಮೊದಲ ಸ್ವಿಚ್‌ನಲ್ಲಿದ್ದದ್ದು 32 ಜಿಬಿ. ಅದರಲ್ಲಿ ನಮ್ಮ ಬಳಕೆಗೆ ಸಿಗುವುದು ಸುಮಾರು 26. ಉಳಿದದ್ದು ಯಂತ್ರದ ಸ್ವಂತ ವ್ಯವಸ್ಥೆಗೆ ಹೋಗುತ್ತದೆ. ಅಂಗಡಿಯವರು ಮೋಸ ಮಾಡಿದ್ದಲ್ಲ. 64 ಜಿಬಿ ಎಂದು ಬರೆದ ಕಾರ್ಡ್ ಕೆಲವು ಸಾಧನಗಳಲ್ಲಿ 59.6 ಎಂದು ಕಾಣುವುದಕ್ಕೂ ಮೋಸ ಕಾರಣವಲ್ಲ. ತಯಾರಕರು ಸಾವಿರದ ಲೆಕ್ಕದಲ್ಲಿ ಎಣಿಸಿದ್ದನ್ನು ಸಾಧನ 1024ರ ಲೆಕ್ಕದಲ್ಲಿ ತೋರಿಸುತ್ತದೆ. ಹಾಗಾಗಿ ಕಾರ್ಡ್ ಬೇಕಾಗುವುದು ನಿಜ. ಆದರೆ ಕಾರ್ಡಿಗೆ ಹೋಗುವುದು ಗೇಮ್ ಮತ್ತು ಸ್ಕ್ರೀನ್‌ಶಾಟ್‌ಗಳು, ಸೇವ್ ಅಲ್ಲ. ಕಾರ್ಡ್ ಕೆಟ್ಟರೂ ಸೇವ್ ಸುರಕ್ಷಿತ. ಯಂತ್ರವೇ ಕೆಟ್ಟರೆ ಕಾರ್ಡ್ ಅದನ್ನು ಉಳಿಸಿಕೊಡದು. ಅದಕ್ಕೆ ಹಣ ಕಟ್ಟಿ ಪಡೆಯುವ ಆನ್‌ಲೈನ್ ಸದಸ್ಯತ್ವದ ಕ್ಲೌಡ್ ಬ್ಯಾಕಪ್ ಇದೆಯಾದರೂ ‘ಸ್ಪ್ಲಟೂನ್ 2’, ‘ಪೊಕೆಮಾನ್ ಸ್ವೋರ್ಡ್’ನಂಥ ಕೆಲವು ಗೇಮ್‌ಗಳನ್ನು ಅದರಿಂದ ಹೊರಗಿಡಲಾಗಿದೆ. ಸ್ವಿಚ್ 2ರಲ್ಲಿ ಗೇಮ್ ಇಡಲು ಮೈಕ್ರೊಎಸ್‌ಡಿ ಎಕ್ಸ್‌ಪ್ರೆಸ್ ಕಾರ್ಡೇ ಆಗಬೇಕು. ಹಳೆಯ ಕಾರ್ಡ್ ಹಿಡಿಸಿದರೂ ಆ ಕೆಲಸಕ್ಕೆ ಬಾರದು. ತೀರಾ ಅಗ್ಗಕ್ಕೆ ಸಿಗುವ ದೊಡ್ಡ ಕಾರ್ಡುಗಳಲ್ಲಿ ನಕಲಿಯವೂ ಇರುತ್ತವೆ. ಒಳಗೆ ಇರುವುದಕ್ಕಿಂತ ಹಲವು ಪಟ್ಟು ಹೆಚ್ಚು ಜಾಗ ತೋರಿಸುವಂತೆ ಅವನ್ನು ತಿದ್ದಿರುತ್ತಾರೆ; ನಿಜವಾದ ಮಿತಿ ದಾಟಿದ ಮೇಲೆ ಬರೆದದ್ದು ಹಾಳಾಗುತ್ತದೆ. ಕೊಂಡ ದಿನವೇ ಕಂಪ್ಯೂಟರಿಗೆ ಹಾಕಿ, ಪೂರ್ತಿ ತುಂಬಿಸಿ, ತುಂಬಿಸಿದ್ದನ್ನು ಮತ್ತೆ ಓದಿ ನೋಡುವುದೊಂದೇ ಖಚಿತ ಪರೀಕ್ಷೆ.

ಪದೇಪದೇ ಹಾಕಿ ತೆಗೆದರೆ ಮೆಮೊರಿ ಸವೆದುಹೋಗುತ್ತದೆ ಎಂಬ ಮಾತಿಗೆ ಲೆಕ್ಕವೇ ಉತ್ತರ. ಫ್ಲಾಶ್ ಮೆಮೊರಿ ಬರೆದು ಅಳಿಸಿದಷ್ಟೂ ಸವೆಯುವುದು ಹೌದು. ಆದರೆ ವಾರಕ್ಕೊಮ್ಮೆ 16 ಜಿಬಿಯ ಗೇಮ್ ಹಾಕಿ ತೆಗೆದರೂ ವರ್ಷಕ್ಕೆ 832 ಜಿಬಿ ಆಗುತ್ತದೆ, ಅಂದರೆ 32 ಜಿಬಿಯ ಮೆಮೊರಿಯನ್ನು 26 ಸಲ ತುಂಬಿದಂತೆ. ಈ ಬಗೆಯ ಚಿಪ್‌ಗಳು ತಾಳಿಕೊಳ್ಳುವುದು ನೂರಾರು, ಸಾವಿರಾರು ಸಲ.

ಯಂತ್ರವನ್ನು ಮಾರುವಾಗ ಮಾತ್ರ ಜನರ ತಪ್ಪು ತಿರುವುಮುರುವಾಗುತ್ತದೆ. ಜಾಗ ಬೇಕಾದಾಗ ಡಿಲೀಟ್ ಎಲ್ಲವನ್ನೂ ಅಳಿಸುತ್ತದೆಂದು ಹೆದರುವವರೇ, ಮಾರುವಾಗ ಗೇಮ್‌ಗಳನ್ನು ಡಿಲೀಟ್ ಮಾಡಿದರೆ ಎಲ್ಲ ಅಳಿಯಿತೆಂದು ನಂಬಿ ಯಂತ್ರ ಕೊಟ್ಟುಬಿಡುತ್ತಾರೆ. ಆಗ ಸೇವ್‌ಗಳೂ ಉಳಿದಿರುತ್ತವೆ, ಖಾತೆಯೂ ಅದರೊಳಗೇ ಇರುತ್ತದೆ. ಮಾರುವ ಮುನ್ನ ಬೇಕಾದ ಸೇವ್‌ಗಳನ್ನು ಹೊಸ ಯಂತ್ರಕ್ಕೆ ದಾಟಿಸಿ, ಆಮೇಲೆ ಹಳೆಯದನ್ನು ಸೆಟ್ಟಿಂಗ್ಸ್‌ನಿಂದ ಪೂರ್ತಿ ಇನಿಶಿಯಲೈಸ್ ಮಾಡಬೇಕು. ಈ ಕ್ರಮ ಹಿಂದುಮುಂದಾದರೆ ಸೇವ್ ನಿಜಕ್ಕೂ ಹೋಗುತ್ತದೆ. ಸೇವ್ ದಾಟಿಸುವುದಕ್ಕೆ ಎರಡೂ ಯಂತ್ರಗಳು ಅಕ್ಕಪಕ್ಕ ಇರಬೇಕು, ಎರಡರಲ್ಲೂ ಒಂದೇ ಖಾತೆ ಇರಬೇಕು. ದಾಟಿದ ಸೇವ್‌ನ ಪ್ರತಿ ಹಳೆಯ ಯಂತ್ರದಲ್ಲಿ ಉಳಿಯುವುದಿಲ್ಲ. ಆದ್ದರಿಂದ ಹೊಸ ಸ್ವಿಚ್ ಕೈಗೆ ಬರುವವರೆಗೆ ಹಳೆಯದನ್ನು ಮಾರಲು ಅವಸರ ಮಾಡಬಾರದು.