ಕ್ಯಾಸಂಬಳ್ಳಿ ಸೀಮೆಯ ಚಿನ್ನದ ಜನ

ಕೋಲಾರ ಜಿಲ್ಲೆಯ ಅಂಚಿನಲ್ಲಿ, ಆಂಧ್ರದ ಗಡಿಗೆ ಹತ್ತಿರವಾಗಿ ಇರುವ ಊರು ಕ್ಯಾಸಂಬಳ್ಳಿ. ಮೊದಲು ಬಂಗಾರಪೇಟೆ ತಾಲ್ಲೂಕಿನಲ್ಲಿದ್ದ ಈ ಹೋಬಳಿ ಈಗ ಕೆಜಿಎಫ್ (ಕೋಲಾರ ಗೋಲ್ಡ್ ಫೀಲ್ಡ್ಸ್) ತಾಲ್ಲೂಕಿಗೆ ಸೇರಿದೆ. ರಾಗಿ ಹೊಲ, ಮಾವಿನ ತೋಪು, ಟೊಮೆಟೊ ತೋಟ, ಬೆಳಗಾದರೆ ಡೇರಿಯ ಮುಂದೆ ಹಾಲಿನ ಕ್ಯಾನುಗಳು. ಸಂತೆಯಲ್ಲಿ ವ್ಯಾಪಾರ ಮಾಡುವವರು ಕನ್ನಡದಲ್ಲಿ ಕೂಗಿ, ತೆಲುಗಿನಲ್ಲಿ ಚೌಕಾಸಿ ಮಾಡಿ, ತಮಿಳಿನಲ್ಲಿ ಲೆಕ್ಕ ಮುಗಿಸುವುದು ಇಲ್ಲಿ ಸಹಜ. ಈ ಮೂರು ಭಾಷೆಗಳು ಒಂದೇ ನಾಲಿಗೆಯ ಮೇಲೆ ಕೂತದ್ದಕ್ಕೆ ಗಡಿ ಒಂದು ಕಾರಣ. ಇನ್ನೊಂದು ಕಾರಣ ಪಕ್ಕದ ಚಿನ್ನದ ಗಣಿ.

ಕೋಲಾರ ಚಿನ್ನದ ಗಣಿಯಿಂದ ನೂರಿಪ್ಪತ್ತು ವರ್ಷಗಳಲ್ಲಿ ಸುಮಾರು 800 ಟನ್ ಚಿನ್ನ ಹೊರಬಂತು. ಆ ಚಿನ್ನ ಎಲ್ಲಿಗೆ ಹೋಯಿತು, ಯಾವ ಕಂಪನಿ ಎಷ್ಟು ಲಾಭ ಮಾಡಿತು ಎಂಬುದನ್ನು ಬಹಳ ಮಂದಿ ಬರೆದಿದ್ದಾರೆ. ಆದರೆ ಅದನ್ನು ಅಗೆದು ತೆಗೆದವರು ಯಾರು, ಎಲ್ಲಿಂದ ಬಂದರು, ಯಾಕೆ ಬಂದರು, ಬಂದವರು ಈ ನೆಲವನ್ನು ಏನು ಮಾಡಿದರು ಎಂಬ ಕಥೆಯೇ ಈ ಸೀಮೆಯ ನಿಜವಾದ ಇತಿಹಾಸ. ಚಿನ್ನ ಇಲ್ಲಿಂದ ಸಾಗಿಹೋಯಿತು. ಅದರ ಹಿಂದೆ ಬಂದ ಜನ ಇಲ್ಲಿಯೇ ನಿಂತರು.

ಊರವರಿಗೆ ಗೊತ್ತಿದ್ದ ಗುಟ್ಟು

ಕೋಲಾರದ ಚಿನ್ನದ ಶಿಲೆಯ ಪಟ್ಟಿ ಉತ್ತರ–ದಕ್ಷಿಣವಾಗಿ ಸುಮಾರು 80 ಕಿಲೋಮೀಟರ್ ಉದ್ದಕ್ಕೆ ಚಾಚಿಕೊಂಡಿದೆ. ಅಗಲ ಮಾತ್ರ ಕೆಲವೇ ಕಿಲೋಮೀಟರ್. ದಕ್ಷಿಣದಲ್ಲಿ ಅದು ಗಡಿ ದಾಟಿ ಆಂಧ್ರದ ಬಿಸಾನತ್ತಂ, ಚಿಗರಗುಂಟದವರೆಗೂ ಹೋಗುತ್ತದೆ. ಅಲ್ಲೂ ಗಣಿಗಳಿದ್ದವು.

1799ರಲ್ಲಿ ಟಿಪ್ಪು ಸುಲ್ತಾನ್ ಮಡಿದ ಮೇಲೆ ಮೈಸೂರು ರಾಜ್ಯದ ಗಡಿ ಗುರುತಿಸುವ ಸರ್ವೆ ಶುರುವಾಯಿತು. ಆ ಕೆಲಸಕ್ಕೆ 1802ರಲ್ಲಿ ಈ ಕಡೆ ಬಂದವನು ಲೆಫ್ಟಿನೆಂಟ್ ಜಾನ್ ವಾರನ್. ಇಂದಿನ ಕೆಜಿಎಫ್‌ನ ಉರಿಗಾಂ ಸುತ್ತ ಮಣ್ಣಿನಲ್ಲಿ ಚಿನ್ನ ಸಿಗುತ್ತದೆಂಬ ಸುದ್ದಿ ಕೇಳಿ, ತೋರಿಸಿದವರಿಗೆ ಬಹುಮಾನ ಕೊಡುತ್ತೇನೆಂದು ಸಾರಿಸಿದ. ಹಳ್ಳಿಯವರು ಎತ್ತಿನಗಾಡಿಯಲ್ಲಿ ಮಣ್ಣು ತುಂಬಿ ತಂದರು. ಅವನ ಕಣ್ಣೆದುರಿಗೇ ತೊಳೆದು ಚಿನ್ನದ ಕಣ ತೋರಿಸಿದರು. ಮಾರಿಕುಪ್ಪಂ ಕಡೆ ಅವನು ಇನ್ನೂ ದೊಡ್ಡದನ್ನೇ ಕಂಡ. ಜನ ಮೂವತ್ತು, ನಲವತ್ತೈದು ಅಡಿ ಆಳದ ಗುಂಡಿಗಳಿಗೆ ಇಳಿದು ಕಲ್ಲು ಒಡೆಯುತ್ತಿದ್ದರು. ಕಲ್ಲಿನ ಬುಟ್ಟಿ ಕೈಯಿಂದ ಕೈಗೆ ದಾಟಿ ಮೇಲೆ ಬರುತ್ತಿತ್ತು. ಹೆಂಗಸರು ಅದನ್ನು ಬಂಡೆಯ ಮೇಲೆ ಕುಟ್ಟಿ ಪುಡಿ ಮಾಡಿ ನೀರಲ್ಲಿ ಜಾಲಿಸುತ್ತಿದ್ದರು. ಈ ಕೆಲಸ ಮಾಡುತ್ತಿದ್ದವರು ಊರ ಹೊರಗೆ ಇರಿಸಲ್ಪಟ್ಟಿದ್ದ ಜಾತಿಗಳ ಜನ.

ಇದನ್ನು ಗಮನದಲ್ಲಿಟ್ಟುಕೊಳ್ಳಬೇಕು. ವಾರನ್ ಬರೆದಿಟ್ಟ, ಆಮೇಲಿನವರು ಬಂಡವಾಳ ಹೂಡಿದರು. ಚಿನ್ನ ಎಲ್ಲಿದೆ, ಅದನ್ನು ಕಲ್ಲಿನಿಂದ ಬಿಡಿಸುವುದು ಹೇಗೆ ಎಂಬ ವಿದ್ಯೆ ಮಾತ್ರ ಮೊದಲಿನಿಂದಲೂ ಇಲ್ಲಿನ ಬಡವರ ಕೈಯಲ್ಲಿತ್ತು.

ಗಾಡಿ ಕಟ್ಟಿಕೊಂಡು ಬಂದ ಲವೆಲ್

ವಾರನ್ ವರದಿ ದಶಕಗಟ್ಟಲೆ ಹಾಗೇ ಬಿದ್ದಿತ್ತು. ನ್ಯೂಜಿಲೆಂಡಿನ ಯುದ್ಧದಲ್ಲಿದ್ದು ನಿವೃತ್ತನಾಗಿ ಬೆಂಗಳೂರು ದಂಡಿನಲ್ಲಿ ನೆಲೆಸಿದ್ದ ಐರಿಷ್ ಸೈನಿಕ ಮೈಕಲ್ ಲವೆಲ್ ಅದನ್ನು ಓದಿದ. 1871ರಲ್ಲಿ ಎತ್ತಿನಗಾಡಿಯಲ್ಲಿ ಕೋಲಾರದ ಕಡೆ ಹೊರಟು, ಸಿಕ್ಕಸಿಕ್ಕಲ್ಲಿ ಕಲ್ಲು ಮಣ್ಣು ಪರೀಕ್ಷಿಸಿದ. 1873ರಲ್ಲಿ ಸರ್ಕಾರಕ್ಕೆ ಅರ್ಜಿ ಹಾಕಿ, 1875ರಲ್ಲಿ ಇಪ್ಪತ್ತು ವರ್ಷಗಳ ಪರವಾನಗಿ ಪಡೆದು ಉರಿಗಾಂ ಬಳಿ ತೋಡಿಸತೊಡಗಿದ. ಒಬ್ಬನ ಹಣಕ್ಕೆ ಎಟುಕುವ ಕೆಲಸ ಅದಾಗಿರಲಿಲ್ಲ. ಕೆಲವೇ ವರ್ಷದಲ್ಲಿ ಹಕ್ಕನ್ನು ಬೇರೆಯವರಿಗೆ ಬಿಟ್ಟುಕೊಟ್ಟ. ಬೆಂಗಳೂರಿನ ಲವೆಲ್ ರಸ್ತೆಯಲ್ಲಿ ಅವನ ಹೆಸರು ಉಳಿದಿದೆ.

ಅದೇ ಹೊತ್ತಿಗೆ ಲಂಡನ್ನಿನ ಷೇರುಪೇಟೆಗೆ ದಕ್ಷಿಣ ಭಾರತದ ಚಿನ್ನದ ಹುಚ್ಚು ಹಿಡಿಯಿತು. ವೈನಾಡು–ನೀಲಗಿರಿಯ ದೇವಾಲ, ಪಂದಲೂರುಗಳ ಹೆಸರಿನಲ್ಲಿ ಹತ್ತಾರು ಕಂಪನಿಗಳು ಹುಟ್ಟಿ, ಹೂಡಿದವರ ಹಣವನ್ನೆಲ್ಲ ನುಂಗಿ ಮುಳುಗಿದವು. ಕೋಲಾರಕ್ಕೂ ಅದೇ ಗತಿ ಬರುವುದರಲ್ಲಿತ್ತು. 1880ರಲ್ಲಿ ಜಾನ್ ಟೇಲರ್ ಅಂಡ್ ಸನ್ಸ್ ಉಸ್ತುವಾರಿ ವಹಿಸಿಕೊಂಡ ಮೈಸೂರು ಗಣಿ ಕಂಪನಿಯ ಹಣ ಕರಗುತ್ತ ಬಂದಿತ್ತು. ಇನ್ನು ಬಾಗಿಲು ಹಾಕುವುದೇ ಸರಿ ಎಂಬ ಮಾತು ನಡೆದಿದ್ದಾಗ ಕ್ಯಾಪ್ಟನ್ ಪ್ಲಮರ್ ಎಂಬ ಗಣಿ ಅಧಿಕಾರಿ ಇನ್ನೂ ಸ್ವಲ್ಪ ಆಳಕ್ಕೆ ಹೋಗೋಣ ಎಂದು ಹಟ ಹಿಡಿದ. ಹಳೆಯ ಕಾಲದವರು ತೋಡಿಬಿಟ್ಟ ಗುಂಡಿಗಳ ಕೆಳಗೇ ಚಾಂಪಿಯನ್ ರೀಫ್ ಎಂಬ ಸಮೃದ್ಧ ಪದರ ಸಿಕ್ಕಿತು. ಅಲ್ಲಿಂದ ಮುಂದೆ ಮೈಸೂರು, ಚಾಂಪಿಯನ್ ರೀಫ್, ಉರಿಗಾಂ, ನಂದಿದುರ್ಗ, ಬಾಲಾಘಾಟ್ ಗಣಿಗಳು ಸಾಲುಗಟ್ಟಿದವು.

ಬರದಿಂದ ಹೊರಟವರು

ಇಷ್ಟು ಗಣಿಗಳಿಗೆ ಇಳಿಯಲು ಆಳು ಬೇಕಿತ್ತು. 1876ರಿಂದ 78ರವರೆಗಿನ ಬರ ಮೈಸೂರು, ಮದ್ರಾಸು ಸೀಮೆಗಳನ್ನು ಬರಿದು ಮಾಡಿ ಹೋಗಿತ್ತು. ಹಿರಿಯರು ಧಾತು–ಈಶ್ವರ ಸಂವತ್ಸರದ ಬರ ಎಂದು ನೆನೆಯುತ್ತಿದ್ದದ್ದು ಅದನ್ನೇ. ಜಮೀನಿದ್ದವರು ಸಾಲವೋ ಸೋಲವೋ ಮಾಡಿ ಮತ್ತೆ ನೇಗಿಲು ಹಿಡಿದರು. ಜಮೀನಿಲ್ಲದವರಿಗೆ ಹಿಡಿಯಲು ಏನೂ ಇರಲಿಲ್ಲ. ಉತ್ತರ ಆರ್ಕಾಟ್, ಸೇಲಂ ಕಡೆಯಿಂದ ತಮಿಳರು, ಚಿತ್ತೂರು ಕಡೆಯಿಂದ ತೆಲುಗರು ಕಂತ್ರಾಟುದಾರರ ಹಿಂದೆ ಇಲ್ಲಿಗೆ ಬಂದರು. ಅವರಲ್ಲಿ ದೊಡ್ಡ ಪಾಲು ದಲಿತರು.

ಅವರನ್ನು ಎಳೆದದ್ದು ಹೊಟ್ಟೆಪಾಡು ಒಂದೇ ಅಲ್ಲ. ಊರಿನಲ್ಲಿ ಜೀತ, ಗೌಡನ ಮನೆಯ ಬಿಟ್ಟಿ ಚಾಕರಿ, ಬಾವಿಗೆ ಹೋಗದಂತೆ ತಡೆ. ಇಲ್ಲಿ ಕೂಲಿ ನಗದಾಗಿ ಕೈಗೆ ಬರುತ್ತಿತ್ತು. ಕೆಲಸ ಸಾಯುವಂಥದ್ದು ನಿಜ, ಆದರೆ ಪಾಳಿ ಮುಗಿದ ಮೇಲೆ ಕೂಲಿಯವನು ಯಾರ ಆಳೂ ಅಲ್ಲ. ಆ ಒಂದು ಬಿಡುಗಡೆಗಾಗಿ ನೆಲದಡಿಗೆ ಇಳಿಯಲು ಒಪ್ಪಿದವರು ಸಾವಿರಾರು ಮಂದಿ.

ಇಂಗ್ಲೆಂಡಿನ ಕಾರ್ನ್‌ವಾಲ್‌ನಿಂದ ತವರ ಗಣಿಗಳಲ್ಲಿ ಪಳಗಿದವರು ಬಂದರು, ಇಟಲಿಯವರು ಬಂದರು. ಆಂಗ್ಲೋ ಇಂಡಿಯನ್ನರು ಯಂತ್ರ, ಕಚೇರಿ ಕೆಲಸಗಳಲ್ಲಿ ಸೇರಿಕೊಂಡರು. ಪಂಜಾಬಿನವರು ಕಾವಲಿಗೆ ನಿಂತರು. 1901ರ ಜನಗಣತಿಯಲ್ಲಿ ಗಣಿ ಪಟ್ಟಣದ ಜನಸಂಖ್ಯೆ 38,204. ಇಪ್ಪತ್ತೇ ವರ್ಷ ಹಿಂದೆ ಅಲ್ಲಿದ್ದದ್ದು ಪೊದೆ, ಬಂಡೆ, ಕೆಲವು ಹಳ್ಳಿ.

ಬಿಳಿಯರಿಗೆ ಬಂಗಲೆ, ಕ್ಲಬ್ಬು, ಗಾಲ್ಫ್ ಮೈದಾನ, ಚರ್ಚು. ಕೂಲಿಗಳಿಗೆ ಬಿದಿರು ತಟ್ಟಿಯ ಗುಡಿಸಲುಗಳ ಸಾಲು. ಅವಕ್ಕೆ ಲೈನ್ ಎಂದು ಹೆಸರು. ಒಂದು ಕೋಣೆಯಲ್ಲಿ ಇಡೀ ಸಂಸಾರ. ಕೆಜಿಎಫ್‌ನ ಹಳಬರು ಇಂದಿಗೂ ತಮ್ಮ ವಿಳಾಸ ಹೇಳುವುದು ಗಣಿ ಮತ್ತು ಲೈನಿನ ಹೆಸರಿನಿಂದಲೇ.

1902, ಎರಡು ಬೆಳಕು

ಗಣಿಗಾಗಿ ಸುತ್ತಲ ಸೀಮೆಯೇ ಬದಲಾಯಿತು. ಮೈಸೂರಿನ ಕಮಿಷನರ್ ಆಗಿದ್ದ ಬೌರಿಂಗ್ ಹೆಸರಿನ ಬೌರಿಂಗ್‌ಪೇಟೆ, ಅಂದರೆ ಇಂದಿನ ಬಂಗಾರಪೇಟೆ, ಮದ್ರಾಸು–ಬೆಂಗಳೂರು ರೈಲು ಮಾರ್ಗದ ನಿಲ್ದಾಣವಾಗಿತ್ತು. 1890ರ ದಶಕದಲ್ಲಿ ಅಲ್ಲಿಂದ ಮಾರಿಕುಪ್ಪಂಗೆ ಕವಲು ಹಳಿ ಬಂತು. ಪಾಲಾರ್ ನದಿಯ ಬೇತಮಂಗಲ ಕೆರೆಯಿಂದ ನೀರು ಗಣಿಗೆ ಹರಿಯಿತು.

ಎಲ್ಲಕ್ಕಿಂತ ದೊಡ್ಡ ಸಾಹಸ ವಿದ್ಯುತ್ತಿನದು. ದಿವಾನ್ ಶೇಷಾದ್ರಿ ಅಯ್ಯರ್ ಕಾಲದಲ್ಲಿ ಕೈಗೊಂಡ ಶಿವನಸಮುದ್ರ ಯೋಜನೆಯಿಂದ 1902ರ ಜೂನ್ 30ರಂದು ಕಾವೇರಿಯ ವಿದ್ಯುತ್ತು 92 ಮೈಲಿ ತಂತಿಯಲ್ಲಿ ಹರಿದು ಗಣಿಗೆ ಬಂತು. ಅಷ್ಟು ದೂರಕ್ಕೆ ವಿದ್ಯುತ್ ಸಾಗಿಸಿದ್ದು ಆ ಕಾಲಕ್ಕೆ ಜಗತ್ತೇ ತಿರುಗಿ ನೋಡುವ ಸಂಗತಿ. ಬೆಂಗಳೂರಿಗೆ ದೀಪ ಬಂದದ್ದು ಅದಾಗಿ ಮೂರು ವರ್ಷಕ್ಕೆ, 1905ರಲ್ಲಿ. ಗಣಿಯ ಮಗ್ಗುಲಲ್ಲೇ ಇದ್ದ ಹಳ್ಳಿಗಳಿಗೆ ಆ ಬೆಳಕು ತಲುಪಲು ದಶಕಗಳೇ ಹಿಡಿದವು.

ಗಣಿಗೆ ವಿದ್ಯುತ್ ಬರುವ ಎಂಟು ವಾರ ಮೊದಲು, 1902ರ ಮೇ 4ರಂದು, ಕ್ಯಾಸಂಬಳ್ಳಿಯಲ್ಲಿ ಒಂದು ಮಗು ಹುಟ್ಟಿತು. ಅವರೇ ಕ್ಯಾಸಂಬಳ್ಳಿ ಚೆಂಗಲರಾಯ ರೆಡ್ಡಿ, ನಾಡಿಗೆಲ್ಲ ಗೊತ್ತಿರುವ ಕೆ.ಸಿ. ರೆಡ್ಡಿ. ಕಾನೂನು ಓದಿ, ಹಳ್ಳಿಗಾಡಿನ ರೈತರ ದನಿಯಾಗಲೆಂದು ಪ್ರಜಾಪಕ್ಷ ಕಟ್ಟಿದರು. ಆಮೇಲೆ ಕಾಂಗ್ರೆಸ್ ಸೇರಿ, 1947ರಲ್ಲಿ ಜವಾಬ್ದಾರಿ ಸರ್ಕಾರಕ್ಕಾಗಿ ನಡೆದ ಮೈಸೂರು ಚಲೋ ಚಳವಳಿಯ ಮುಂದಾಳಾದರು. ಅದೇ ವರ್ಷ ಅಕ್ಟೋಬರ್ 25ರಂದು ಮೈಸೂರಿನ ಮೊದಲ ಮುಖ್ಯಮಂತ್ರಿಯಾಗಿ ಅಧಿಕಾರ ವಹಿಸಿಕೊಂಡರು. ಮುಂದೆ ಕೇಂದ್ರ ಸಚಿವರೂ ಮಧ್ಯಪ್ರದೇಶದ ರಾಜ್ಯಪಾಲರೂ ಆದರು. ಇಡೀ ನಾಡನ್ನು ಮೊದಲು ನಡೆಸಿದ ಕೈ ಈ ಗಡಿಯ ಹಳ್ಳಿಯದು ಎಂಬ ಹೆಮ್ಮೆ ಕ್ಯಾಸಂಬಳ್ಳಿಗೆ ಸಲ್ಲಬೇಕಾದದ್ದು.

ಬೆರಳಚ್ಚು ಕೊಡೆವು ಎಂದವರು

ಗಣಿ ಕಾರ್ಮಿಕರ ಮೇಲೆ ಕಂಪನಿಗೆ ಸದಾ ಅನುಮಾನ. ಚಿನ್ನ ಕದ್ದಾರು ಎಂಬ ಭಯದಲ್ಲಿ ತಪಾಸಣೆ, ಕಾವಲು, ಕಠಿಣ ಕಾನೂನು. 1930ರಲ್ಲಿ ಎಲ್ಲರ ಬೆರಳಚ್ಚು ತೆಗೆದು ದಾಖಲು ಮಾಡುವ ಪದ್ಧತಿ ತಂದಾಗ ಕಾರ್ಮಿಕರು ಸಿಡಿದೆದ್ದರು. ನಾವು ಕಳ್ಳರಲ್ಲ ಎಂದು ಸಾವಿರಾರು ಮಂದಿ ಕೆಲಸ ಬಿಟ್ಟು ಕೂತರು. ಮೂರು ವಾರ ಗಣಿ ನಿಂತಿತು. ಆ ಮುಷ್ಕರದ ಮೂಲದಲ್ಲಿ ಕೂಲಿಗಿಂತ ಮಾನದ ಪ್ರಶ್ನೆ ಇತ್ತು.

ಆ ಮಾನದ ಅರಿವು ಒಂದೇ ದಿನದಲ್ಲಿ ಬಂದದ್ದಲ್ಲ. ತಮಿಳುನಾಡಿನ ಅಯೋತಿದಾಸ ಪಂಡಿತರ ಬೌದ್ಧ ವಿಚಾರಗಳು ಇಪ್ಪತ್ತನೇ ಶತಮಾನದ ಮೊದಲ ದಶಕದಲ್ಲೇ ಮಾರಿಕುಪ್ಪಂ, ಚಾಂಪಿಯನ್ ಲೈನುಗಳಿಗೆ ಬಂದಿದ್ದವು. ಚಾಂಪಿಯನ್ ರೀಫ್‌ನಲ್ಲಿದ್ದ ಜಿ. ಅಪ್ಪಾದುರೈಯಾರ್ ಆ ವಿಚಾರಗಳನ್ನು ಬರೆದು ಹರಡಿದರು. ಅಯೋತಿದಾಸರ ಬರಹಗಳು ಇಲ್ಲಿನ ಸಿದ್ಧಾರ್ಥ ಮುದ್ರಣಾಲಯದಲ್ಲಿ ಅಚ್ಚಾದವು. ಹಗಲು ಬಂಡೆ ಕೊರೆದವರು ಸಂಜೆ ಸಭೆ ಸೇರಿ ಜಾತಿಯನ್ನು ಪ್ರಶ್ನಿಸಿದರು. 1952ರ ಮೊದಲ ಚುನಾವಣೆಯಲ್ಲಿ ಇಲ್ಲಿನವರು ಕಮ್ಯುನಿಸ್ಟ್ ಕಾರ್ಮಿಕ ನಾಯಕ ಕೆ.ಎಸ್. ವಾಸನ್ ಅವರನ್ನು ಗೆಲ್ಲಿಸಿ ವಿಧಾನಸಭೆಗೆ ಕಳಿಸಿದರು. 1954ರಲ್ಲಿ ಬಾಬಾಸಾಹೇಬ್ ಅಂಬೇಡ್ಕರ್ ಅವರೇ ಕೆಜಿಎಫ್‌ಗೆ ಬಂದರು.

ಮೂರು ಕಿಲೋಮೀಟರ್ ಆಳದಲ್ಲಿ

ಚಾಂಪಿಯನ್ ರೀಫ್ ಗಣಿ ಮೂರು ಕಿಲೋಮೀಟರಿಗೂ ಹೆಚ್ಚು ಆಳಕ್ಕೆ ಇಳಿಯಿತು. ಜಗತ್ತಿನ ಅತಿ ಆಳದ ಗಣಿಗಳ ಸಾಲಿನಲ್ಲಿ ಅದರ ಹೆಸರಿತ್ತು. ಕೇಜಿನಲ್ಲಿ ಕತ್ತಲೆಗೆ ಇಳಿದರೆ ತಳದಲ್ಲಿ ಬಂಡೆಯ ಕಾವು ಅರವತ್ತು ಡಿಗ್ರಿ ಸೆಲ್ಸಿಯಸ್ ದಾಟುತ್ತಿತ್ತು. ಮೇಲಿನಿಂದ ತಂಪು ಗಾಳಿ ದೂಡದಿದ್ದರೆ ಅಲ್ಲಿ ಉಸಿರಾಡುವುದೇ ಕಷ್ಟ. ಅಷ್ಟು ಭಾರ ಹೊತ್ತ ಬಂಡೆ ಇದ್ದಕ್ಕಿದ್ದಂತೆ ಸಿಡಿದು ಒಳಗಿದ್ದವರನ್ನು ಹೂತುಬಿಡುತ್ತಿತ್ತು. ಆ ನಡುಕಕ್ಕೆ ಮೇಲೆ ಪಟ್ಟಣದ ಮನೆಗಳೂ ಅಲುಗುತ್ತಿದ್ದವು. ಸಿಡಿತದಿಂದ ಪಾರಾದವರನ್ನು ಕಲ್ಲಿನ ದೂಳು ಬಿಡಲಿಲ್ಲ. ಶ್ವಾಸಕೋಶವನ್ನು ಕಲ್ಲು ಮಾಡುವ ಸಿಲಿಕೋಸಿಸ್ ಲೈನಿನ ಮನೆಮನೆಯನ್ನೂ ಹೊಕ್ಕಿತು.

ಅದೇ ಆಳದಲ್ಲಿ ವಿಜ್ಞಾನಕ್ಕೂ ಒಂದು ನಿಧಿ ಸಿಕ್ಕಿತು. ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಜಪಾನಿನ ಒಸಾಕಾ ಸಿಟಿ, ಇಂಗ್ಲೆಂಡಿನ ಡರ್ಹಂ ವಿಶ್ವವಿದ್ಯಾಲಯದವರ ಜೊತೆ ಸೇರಿ, 1965ರಲ್ಲಿ ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊ ಕಣಗಳ ಗುರುತನ್ನು ಇಲ್ಲಿ ಪತ್ತೆ ಹಚ್ಚಿದರು. ಅವರ ಉಪಕರಣಗಳನ್ನು ಆ ಆಳಕ್ಕೆ ಇಳಿಸಿ ನಿಲ್ಲಿಸಲು ಗಣಿ ಕಾರ್ಮಿಕರ ನೆರವು ಬೇಕಾಗಿತ್ತು ಎಂಬುದನ್ನೂ ಆ ಸಾಧನೆಯ ಜೊತೆಗೇ ಹೇಳಬೇಕು.

ಬೀಗ ಬಿದ್ದ ಮೇಲೆ

1956ರ ಕೊನೆಯಲ್ಲಿ ಗಣಿಗಳು ರಾಷ್ಟ್ರೀಕರಣಗೊಂಡವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್, ಅಂದರೆ ಬಿಜಿಎಂಎಲ್, ಹುಟ್ಟಿತು. ಮೊದಲಲ್ಲಿ ಒಂದು ಟನ್ ಅದಿರಿಗೆ ನಲವತ್ತು ಗ್ರಾಂಗೂ ಹೆಚ್ಚು ಚಿನ್ನ ಕೊಟ್ಟಿದ್ದ ಬಂಡೆ ಕೊನೆಗೆ ನಾಲ್ಕು ಗ್ರಾಂ ಕೊಡುವುದೂ ಕಷ್ಟವಾಯಿತು. ಆಳ ಹೆಚ್ಚಿದಷ್ಟೂ ಖರ್ಚು ಹೆಚ್ಚಿತು. 2001ರ ಫೆಬ್ರುವರಿ 28ರಂದು ಗಣಿ ಮುಚ್ಚಿತು. ಮೂರು ತಲೆಮಾರು ಒಂದೇ ಕೆಲಸ ಕಲಿತಿದ್ದ ಪಟ್ಟಣಕ್ಕೆ ಆ ಕೆಲಸವೇ ಇಲ್ಲವಾಯಿತು.

ಅಂದಿನಿಂದ ಕೆಜಿಎಫ್‌ನ ಬದುಕು ರೈಲಿನ ಮೇಲೆ ನಿಂತಿದೆ. ನಸುಕಿಗೇ ಮಾರಿಕುಪ್ಪಂ, ಚಾಂಪಿಯನ್, ಉರಿಗಾಂ, ಕೋರಮಂಡಲ್ ನಿಲ್ದಾಣಗಳಲ್ಲಿ ಸಾವಿರಾರು ಮಂದಿ ಬೆಂಗಳೂರಿನ ರೈಲು ಹತ್ತುತ್ತಾರೆ. ಕಟ್ಟಡ ಕೆಲಸ, ಗಾರ್ಮೆಂಟ್ಸ್, ಅಂಗಡಿ, ಆಸ್ಪತ್ರೆ, ಕಚೇರಿ ಎಲ್ಲೆಡೆ ದುಡಿದು ರಾತ್ರಿ ಅದೇ ಹಳಿಯ ಮೇಲೆ ಮರಳುತ್ತಾರೆ. ಚಿನ್ನ ಸಾಗಿಸಲು ಹಾಕಿದ ಕವಲು ಹಳಿ ಈಗ ಮನುಷ್ಯರ ದುಡಿಮೆಯನ್ನು ಸಾಗಿಸುತ್ತಿದೆ.

ಊರಿನ ನಡುವೆ ಸೈನೇಡ್ ದಿಬ್ಬಗಳು ನಿಂತಿವೆ. ಅದಿರಿನಿಂದ ಚಿನ್ನ ಬಿಡಿಸಿಕೊಂಡು ಎಸೆದ, ಸುಮಾರು 3.3 ಕೋಟಿ ಟನ್ ಪುಡಿಮಣ್ಣು ಅದು. ಸಿನಿಮಾದಲ್ಲಿ ಅವು ಸೊಗಸಾಗಿ ಕಾಣುತ್ತವೆ. ಗಾಳಿ ಎದ್ದ ದಿನ ಆ ದೂಳು ಮನೆಯ ಅನ್ನಕ್ಕೂ ಮಕ್ಕಳ ಎದೆಗೂ ಇಳಿಯುತ್ತದೆ. ಆ ದಿಬ್ಬಗಳಲ್ಲಿ ಉಳಿದಿರುವ ಚಿನ್ನವನ್ನು ಮತ್ತೆ ತೆಗೆಯುವ ಪ್ರಸ್ತಾವಕ್ಕೆ 2024ರಲ್ಲಿ ರಾಜ್ಯ ಸಚಿವ ಸಂಪುಟ ಒಪ್ಪಿಗೆ ಕೊಟ್ಟಿದೆ.

ನೋಡಲು ಬರುವವರು ಬೆಂಗಳೂರಿನಿಂದ ಬಂಗಾರಪೇಟೆಗೆ ರೈಲಿನಲ್ಲಿ ಬಂದು, ಇಲ್ಲಿನ ಹೆಸರಾಂತ ಬಿಳಿನೀರಿನ ಪಾನಿಪುರಿ ತಿಂದು, ಕವಲು ರೈಲು ಹಿಡಿಯಬಹುದು. ಮುಚ್ಚಿದ ಶಾಫ್ಟುಗಳು, ದಿಬ್ಬಗಳು, ಕಾರ್ಮಿಕರ ಲೈನುಗಳು ಒಂದರ ಹಿಂದೊಂದು ಸಿಗುತ್ತವೆ. ಅಲ್ಲಿಂದ ಬಸ್ಸಿನಲ್ಲಿ ಕ್ಯಾಸಂಬಳ್ಳಿಗೂ ಹೋಗಿಬರಬೇಕು. ಗಣಿಯನ್ನು ಹಳ್ಳಿಯ ಕಡೆಯಿಂದ ನೋಡಿದಾಗಲೇ ಎಷ್ಟು ಕೊಂಡೊಯ್ದರು, ಎಷ್ಟು ಬಿಟ್ಟುಹೋದರು ಎಂಬ ಲೆಕ್ಕ ಸರಿಯಾಗಿ ಸಿಗುತ್ತದೆ.

ಗಣಿ ಮುಚ್ಚಿ ಇಷ್ಟು ವರ್ಷವಾದರೂ ಲೈನಿನ ಮನೆಗಳ ಹಕ್ಕುಪತ್ರ, ಕಾರ್ಮಿಕರಿಗೆ ಬರಬೇಕಾದ ಬಾಕಿ ಇಲ್ಲಿ ಪದೇಪದೇ ಕೇಳಿಬರುವ ಬೇಡಿಕೆಗಳು. ದಿಬ್ಬದಿಂದ ಮತ್ತೆ ಚಿನ್ನ ಬರುವುದಾದರೆ ಅದರ ಮೊದಲ ಪಾಲು ಈ ಮನೆಗಳಿಗೆ, ಈ ಎದೆಗಳ ಚಿಕಿತ್ಸೆಗೆ, ಸುತ್ತಲ ಹೋಬಳಿಗಳ ನೀರಿಗೆ ಸೇರಬೇಕು. ವಾರನ್ ಕಾಲದಲ್ಲಿ ಚಿನ್ನ ತೋರಿಸಿದವರಿಗೆ ಸಿಕ್ಕದ್ದು ಸಣ್ಣ ಬಹುಮಾನ. ಅವರ ವಂಶದವರಿಗೂ ಆಮೇಲೆ ಬಂದು ಅದನ್ನು ಅಗೆದವರ ವಂಶದವರಿಗೂ ಈ ಸಲ ನ್ಯಾಯವಾದ ಪಾಲು ಸಿಗಲಿ.